ಮನೆಯೊಳಗೆ ಶಾಲೆ ಉಪ್ಪಿಟ್ಟು

ನಮ್ಮ ಮನೆಗೂ ಶಾಲೆಗೂ ನಡುವೆ ಇದ್ದದ್ದು ಒಂದೇ ಗೋಡೆ. ಕವಲೇದುರ್ಗದ ಬುಡದಲ್ಲಿದ್ದ ಆ ಊರಿನಲ್ಲಿ ಉದ್ದನೆಯ ಒಂದೇ ಹೆಂಚಿನ ಮಾಡಿನ ಕೆಳಗೆ ಮೊದಲು ಶಾಲೆಯ ದೊಡ್ಡ ಕೋಣೆ, ಆಮೇಲೆ ಶಾಲೆಯ ಸಾಮಾನಿನ ಕೋಣೆ, ಅದಕ್ಕೆ ಅಂಟಿಕೊಂಡು ನಮ್ಮ ಅಡುಗೆಮನೆ, ಕೊನೆಗೆ ನಾವು ಮಲಗುವ ಎರಡು ಕೋಣೆಗಳಿದ್ದವು. ಅಪ್ಪಯ್ಯ ಆ ಶಾಲೆಗಿದ್ದ ಒಬ್ಬನೇ ಮೇಷ್ಟ್ರು. ಒಂದನೇ ಕ್ಲಾಸಿನಿಂದ ನಾಲ್ಕನೇ ಕ್ಲಾಸಿನವರೆಗೆ ಎಲ್ಲರೂ ಒಂದೇ ಕೋಣೆಯಲ್ಲಿ ನಾಲ್ಕು ಸಾಲು ಮಾಡಿಕೊಂಡು ಕೂರುತ್ತಿದ್ದೆವು. ನಾನು ಕೊನೆಯ ಸಾಲಿನಲ್ಲಿ, ತಮ್ಮ ಸತೀಶ ಮೊದಲ ಸಾಲಿನಲ್ಲಿ. ಅಪ್ಪಯ್ಯ ಬೆಳಿಗ್ಗೆ ಅಡುಗೆಮನೆಯಲ್ಲಿ ಕಾಫಿ ಕುಡಿದು, ಅಂಗಿ ತೊಟ್ಟು, ಜಗಲಿಯ ಮೇಲೇ ನಡೆದುಕೊಂಡು ಹೋಗಿ ಆ ಕಡೆಯ ಬಾಗಿಲು ಹೊಕ್ಕರೆ ಮೇಷ್ಟ್ರಾಗುತ್ತಿದ್ದ. ಆ ಬಾಗಿಲಿನ ಒಳಗೆ ನಾವಿಬ್ಬರೂ ಅವನನ್ನು ಸಾರ್ ಅನ್ನಬೇಕಿತ್ತು. ಸತೀಶ ಒಮ್ಮೆ ಮರೆತು ಪಾಠದ ನಡುವೆ ಅಪ್ಪಯ್ಯ ಅಂದುಬಿಟ್ಟ. ಇಡೀ ಶಾಲೆ ನಕ್ಕಿತು. ಅವತ್ತಿನಿಂದ ಹೆದರಿಕೊಂಡು ಎಷ್ಟೋ ದಿನ ಮನೆಯಲ್ಲೂ ಸಾರ್ ಅನ್ನುತ್ತಿದ್ದ.

ಆಗ ಶಾಲೆಗಳಲ್ಲಿ ಮಧ್ಯಾಹ್ನ ಉಪ್ಪಿಟ್ಟು ಕೊಡುತ್ತಿದ್ದರು. ಈಗಿನ ಅನ್ನ, ಸಾಂಬಾರು, ಮೊಟ್ಟೆಯ ಬಿಸಿಯೂಟ ಬರುವುದಕ್ಕೆ ಬಹಳ ಹಿಂದಿನ ಮಾತು ಇದು. ಹೊರದೇಶದಿಂದ ಬರುತ್ತದೆಂದು ಹೇಳುತ್ತಿದ್ದ ಮೆಕ್ಕೆಜೋಳದ ಹಳದಿ ರವೆ ಮೂಟೆಗಳಲ್ಲಿ, ಎಣ್ಣೆ ತಗಡಿನ ಡಬ್ಬಗಳಲ್ಲಿ ಬರುತ್ತಿದ್ದವು. ಎರಡೂ ನಮ್ಮ ಅಡುಗೆಮನೆಯ ಗೋಡೆಯಾಚೆ, ಸಾಮಾನಿನ ಕೋಣೆಯಲ್ಲಿ, ಸುತ್ತಿಟ್ಟ ಭೂಪಟಗಳ ಪಕ್ಕದಲ್ಲಿರುತ್ತಿದ್ದವು. ಅಡುಗೆಯವರು ಅಂತ ಯಾರೂ ಇರಲಿಲ್ಲ. ಅಪ್ಪಯ್ಯನೇ ದೊಡ್ಡ ಮಕ್ಕಳನ್ನು ಸೌದೆಗೆ, ನೀರಿಗೆ, ಎಲೆಗೆ ಅಂತ ಕಳಿಸಿ, ಹಿಂದುಗಡೆಯ ತಗಡಿನ ಮಾಡಿನ ಕೆಳಗೆ ಕಬ್ಬಿಣದ ದೊಡ್ಡ ಬಾಣಲೆ ಇಟ್ಟು, ಮಗ್ಗಿ ಒಪ್ಪಿಸಿಕೊಳ್ಳುತ್ತಲೇ ಉಪ್ಪಿಟ್ಟು ಕೆದಕುತ್ತಿದ್ದ. ಹೊರಗಿನಿಂದ ಅವನು “ಏಳೆಂಟ್ಲಿ?” ಅಂತ ಕೂಗಿದರೆ ಒಳಗಿನಿಂದ ನಾವು “ಐವತ್ತಾರು” ಅಂತ ಕೂಗಬೇಕು. ಉಪ್ಪಳಿಗೆ ಮರದ ಅಗಲ ಎಲೆಗಳನ್ನು ನಾವೇ ಕೊಯ್ದು ತರುತ್ತಿದ್ದೆವು. ಬಿಸಿ ಉಪ್ಪಿಟ್ಟು ಬಿದ್ದ ಕೂಡಲೇ ಎಲೆ ಬಾಡಿ ಒಂದು ಹಸಿ ವಾಸನೆ ಏಳುತ್ತಿತ್ತು. ಆ ವಾಸನೆ, ಸೌದೆಯ ಹೊಗೆ, ಡಬ್ಬದ ಎಣ್ಣೆಯ ಒಂಥರಾ ಘಾಟು ಇವಿಷ್ಟೂ ಸೇರಿದರೆ ಶಾಲೆ ಉಪ್ಪಿಟ್ಟು. ಮನೆಯಲ್ಲಿ ಅಕ್ಕಿರೊಟ್ಟಿ, ಕಡುಬು, ಮೀನು ಎಲ್ಲ ತಿಂದು ಬೆಳೆದ ಮಕ್ಕಳೂ ಹನ್ನೊಂದು ಗಂಟೆಯಿಂದಲೇ ಮೂಗು ಅರಳಿಸಿಕೊಂಡು ಅದಕ್ಕೆ ಕಾಯುತ್ತಿದ್ದರು.

ಅಪ್ಪಯ್ಯನಿಗೆ ಬರುತ್ತಿದ್ದ ಅಡುಗೆ ಅದೊಂದೇ. ನಮ್ಮ ಮನೆಯ ಒಲೆಯ ಹತ್ತಿರ ಅವನು ಬೀಡಿಗೆ ಕೆಂಡ ಕೇಳಲು ಕೂಡ ಹೋದವನಲ್ಲ. ಅಲ್ಲಿ ಅವನ ಅವ್ವ, ಅಂದರೆ ನಮ್ಮ ಅಜ್ಜಿ, ಮಣೆ ಹಾಕಿಕೊಂಡು ಕೂತಿರುತ್ತಿದ್ದಳು. ಕೈಯಾರೆ ಬೇಯಿಸುತ್ತಿದ್ದವಳು ಅಮ್ಮ. ಏನು ಬೇಯಿಸಬೇಕು, ಎಷ್ಟು ಬೇಯಿಸಬೇಕು, ಯಾರಿಗೆ ಮೊದಲು ಬಡಿಸಬೇಕು ಅನ್ನುವುದೆಲ್ಲ ಅಜ್ಜಿಯ ಬಾಯಿಂದ ಬರಬೇಕು. ಅಜ್ಜಿ ಚಿಕ್ಕ ವಯಸ್ಸಿಗೇ ಗಂಡನನ್ನು ಕಳೆದುಕೊಂಡು, ಕಂಡವರ ಗದ್ದೆಯಲ್ಲಿ ದುಡಿದು, ಇದ್ದ ಒಬ್ಬ ಮಗನನ್ನು ಮೇಷ್ಟ್ರು ಮಾಡಿದವಳು. ಮಗನ ಸಂಸಾರ ತನ್ನ ಕಣ್ಣಳತೆಯಲ್ಲಿರಬೇಕು ಅನ್ನುವ ಹಟ ಅವಳಿಗಿತ್ತು. ಅಮ್ಮನ ಹೆಸರು ಪದ್ಮ. ಹೊಸನಗರದ ಕಡೆ, ಮಾಸ್ತಿಕಟ್ಟೆ ಹತ್ತಿರದವಳು. ಹತ್ತನೇ ಕ್ಲಾಸು ಪಾಸಾದ ವರ್ಷವೇ ಮದುವೆಯಾಗಿ ಬಂದಿದ್ದಳು. ಮಾತು ಬಹಳ ಕಡಿಮೆ. ಅಂಥವಳು ಒಂದು ಸಂಜೆ ಅಕ್ಕಿ ಕೇರುತ್ತಾ, ತಲೆ ಎತ್ತದೆ, ಶಿವಮೊಗ್ಗದಲ್ಲಿ ನರ್ಸಮ್ಮನ ತರಬೇತಿಗೆ ತನಗೆ ಸೀಟು ಸಿಕ್ಕಿದೆ, ಒಂದೂವರೆ ವರ್ಷ ಅಲ್ಲೇ ಹಾಸ್ಟೆಲಿನಲ್ಲಿ ಇರಬೇಕಾಗುತ್ತದೆ ಅಂದಳು.

“ಎರಡ್ ಮಕ್ಳ ತಾಯಿ ಹಾಸ್ಟೆಲಲ್ಲಿ ಇರೋದಾ? ಎಂತ ಮಾತಾಡ್ತಿದೀಯ ನೀನು?” ಅಂದಳು ಅಜ್ಜಿ.

“ಮುಗಿಸ್ಕಂಡ್ ಬಂದ್ರೆ ಈ ಕಡೆ ಊರಲ್ಲೇ ಕೆಲ್ಸ ಸಿಗುತ್ತೆ ಅತ್ತೆ. ಇಲ್ಲಿ ಹೆರಿಗೆ ಮಾಡ್ಸೋಕೆ ಕಲ್ತವ್ರು ಯಾರೂ ಇಲ್ಲ.”

“ನಾವೆಲ್ಲ ಹೆತ್ತಿಲ್ವಾ? ನಂಗೆ ಯಾವ ನರ್ಸಮ್ಮ ಬಂದಿದ್ಲು?”

ಅಮ್ಮ ಮೊರವನ್ನು ಇನ್ನೊಮ್ಮೆ ತಟ್ಟಿದಳು. ಅಜ್ಜಿ ಮಗನ ಕಡೆ ತಿರುಗಿದಳು.

“ನೀನಾದ್ರೂ ಹೇಳೋ. ಬಾಯಲ್ಲಿ ಎಂತ ಇಟ್ಕಂಡಿದೀಯ?”

“ಅರ್ಜಿ ಬರ್ದವ್ನೇ ನಾನು, ಅವ್ವ.”

ಅಜ್ಜಿ ಮಣೆ ಬಿಟ್ಟು ಎದ್ದಳು.

“ಹಂಗಾರೆ ನೀವಿಬ್ರೇ ಸೇರ್ಕಂಡು ಸಂಸಾರ ಮಾಡ್ಕಳಿ. ಅವ್ಳು ಹೊಸ್ಲು ದಾಟಿದ ದಿನದಿಂದ ನಾನು ಈ ಒಲೆ ಮುಟ್ಟಲ್ಲ. ಮಕ್ಳಿಗೆ ಯಾರ್ ಬೇಯ್ಸಿ ಹಾಕ್ತಾರೆ ನೋಡ್ತೀನಿ.”

ದೀಪಾವಳಿ ಕಳೆದ ಮೇಲೆ ಅಮ್ಮ ಹೊರಟಳು. ಅಪ್ಪಯ್ಯ ಟ್ರಂಕನ್ನು ಹೆಗಲ ಮೇಲಿಟ್ಟುಕೊಂಡು ಬಸ್ಸು ನಿಲ್ಲುವ ಟಾರು ರಸ್ತೆಯವರೆಗೂ ಜೊತೆಗೆ ಹೋದ. ಅಜ್ಜಿ ಆಡಿದ ಮಾತು ತಪ್ಪಲಿಲ್ಲ. ಹಿತ್ತಲ ಕಡೆಯ ಜಗಲಿಯಲ್ಲಿ ಮೂರು ಕಲ್ಲು ಹೂಡಿ, ಅದರ ಮೇಲೊಂದು ಸಣ್ಣ ಮಡಕೆ ಇಟ್ಟು ತನಗೊಬ್ಬಳಿಗೆ ಗಂಜಿ ಮಾಡಿಕೊಂಡಳು. ಒಂದು ವಾರ ಮಕ್ಕಳು ಹಸಿದುಕೊಂಡರೆ ಮಗ ತಾನಾಗಿಯೇ ಶಿವಮೊಗ್ಗಕ್ಕೆ ಹೋಗಿ ಹೆಂಡತಿಯನ್ನು ಕರೆದುಕೊಂಡು ಬರುತ್ತಾನೆ ಅನ್ನುವುದು ಅವಳ ಎಣಿಕೆ. ಅಮ್ಮನನ್ನು ಬಸ್ಸು ಹತ್ತಿಸಿ ಬಂದ ಅಪ್ಪಯ್ಯ ತಣ್ಣಗಾಗಿದ್ದ ಒಲೆಯ ಮುಂದೆ ಸುಮ್ಮನೆ ನಿಂತಿದ್ದ. ಅಜ್ಜಿ ಜಗಲಿಯಿಂದಲೇ ಹೇಳಿದಳು.

“ಜಲಜ ಇದಾಳಲ್ಲ. ಅಷ್ಟು ದೊಡ್ಡವ್ಳಿದ್ದಾಗ ನಾನು ಮನೆಮಂದಿಗೆಲ್ಲ ಬೇಯಿಸ್ತಿದ್ದೆ. ಒಂದ್ ವರ್ಷ ಶಾಲೆ ಬಿಡ್ಸು. ನಾನು ಕೂತಲ್ಲಿಂದ ಹೇಳ್ಕೊಡ್ತೀನಿ, ಕಲೀತಾಳೆ.”

ಜಲಜ ಅಂದರೆ ನಾನು, ಅಲ್ಲೇ ಬಾಗಿಲಲ್ಲಿದ್ದೆ. ಅಜ್ಜಿಯ ಮಾತಿನಲ್ಲಿ ಕೇಡೇನೂ ಇರಲಿಲ್ಲ. ಮೊದಲು ನನ್ನ ಸಾಲಿನಲ್ಲಿದ್ದ ಹುಡುಗಿಯರು ಹಾಗೇ ಒಬ್ಬೊಬ್ಬರಾಗಿ, ತಂಗಿಯನ್ನು ಎತ್ತಿಕೊಳ್ಳಲಿಕ್ಕೆ, ಬಾಣಂತಿ ಅಕ್ಕನಿಗೆ ನೀರು ಕಾಯಿಸಲಿಕ್ಕೆ, ಎಮ್ಮೆ ಕಾಯಲಿಕ್ಕೆ ಅಂತ ಶಾಲೆ ಬಿಟ್ಟಿದ್ದರು. ಒಂದು ವರ್ಷ ಅಂತ ಬಿಟ್ಟವರು ಯಾರೂ ತಿರುಗಿ ಬಂದಿರಲಿಲ್ಲ. ಊರಲ್ಲಿ ಅದನ್ನು ಯಾರೂ ದೊಡ್ಡದಾಗಿ ಎಣಿಸುತ್ತಿರಲಿಲ್ಲ. ಅಪ್ಪಯ್ಯ ಹೂಂ ಅನ್ನುತ್ತಾನೆ ಅಂತಲೇ ನಾನೂ ಅಂದುಕೊಂಡಿದ್ದೆ. ನನ್ನ ಸ್ಲೇಟನ್ನು ಸತೀಶನಿಗೆ ಕೊಡುತ್ತಾರೇನೋ ಅನ್ನುವ ಯೋಚನೆಯೊಂದು ಮಾತ್ರ ತಲೆಯಲ್ಲಿ ಓಡಿತು. ಅಪ್ಪಯ್ಯ ಅಂಗಿ ಬಿಚ್ಚಿ ಗೂಟಕ್ಕೆ ಸಿಕ್ಕಿಸಿದ. ಒಲೆಯ ಮುಂದೆ ಕುಕ್ಕರುಗಾಲಲ್ಲಿ ಕೂತು ಸಣ್ಣ ಪುಳ್ಳೆಗಳನ್ನು ಮುರಿದು ಜೋಡಿಸತೊಡಗಿದ.

“ನಂಗೆ ಉಪ್ಪಿಟ್ಟು ಬರುತ್ತೆ” ಅಂದ.

“ಎಂತದ್ರಲ್ಲಿ ಮಾಡ್ತೀಯ? ಮನೇಲಿ ರವೆ ಎಲ್ಲಿದೆ?” ಅಂದಳು ಅಜ್ಜಿ. “ಗೋಡೆ ಆಚೆ ಮೂಟೆಗಟ್ಲೆ ಬಿದ್ದಿದೆ. ಒಂದ್ ಪಾವು ತಂದ್ರೆ ಕರಗಿ ಹೋಗುತ್ತಾ?”

“ಅದು ಶಾಲೆ ಮಕ್ಳದ್ದು ಅವ್ವ.”

“ಇವು ಶಾಲೆ ಮಕ್ಳಲ್ವಾ?”

“ಇವಕ್ಕೆ ಮಧ್ಯಾಹ್ನ ಸಿಕ್ಕಿದೆ.”

ಅವತ್ತು ಅವನು ಬೀಸುವ ಕಲ್ಲಿನಲ್ಲಿ ಅಕ್ಕಿಯನ್ನೇ ತರಿಯಾಗಿ ಒಡೆದ. ಬಾಣಲೆಗೆ ಇಷ್ಟು ಕೊಡ ನೀರು, ಇಷ್ಟು ಮೊರ ರವೆ ಅನ್ನುವುದು ಬಿಟ್ಟರೆ ಮೂರು ಜನಕ್ಕೆ ಅಡುಗೆ ಮಾಡುವ ಅಳತೆ ಅವನಿಗೆ ಗೊತ್ತಿರಲಿಲ್ಲ. ಒಂದು ಸಲ ನೀರು ಹೆಚ್ಚಾಗಿ ರವೆ ಸುರಿದ, ರವೆ ಹೆಚ್ಚಾಗಿ ನೀರು ಸುರಿದ, ಕೊನೆಗೆ ಪಾತ್ರೆ ತುಂಬಿ ಇನ್ನೊಂದು ಪಾತ್ರೆ ಕೇಳಿದ. ಮೇಲೆ ಗಂಜಿ, ನಡುವೆ ಗಂಟು, ತಳ ಕರಿ. ಸತೀಶ ಒಂದು ತುತ್ತು ಬಾಯಿಗಿಟ್ಟು, ಇದು ಶಾಲೆ ಉಪ್ಪಿಟ್ಟಲ್ಲ, ಬೆಳ್ಳಗಿದೆ ಅಂದ. ಮರುದಿನ ಅಪ್ಪಯ್ಯ ಅರಿಶಿನ ಹಾಕಿದ. ಅದೂ ಶಾಲೆಯ ಅಳತೆಯಲ್ಲೇ. ನಮ್ಮ ಬೆರಳು, ಅವನ ಬಿಳಿ ಪಂಚೆಯ ಅಂಚು, ಸತೀಶನ ಕೆನ್ನೆ ಎಲ್ಲ ಹಳದಿಯಾದವು. ಬಣ್ಣ ಸರಿಯಾಯಿತು, ಆದರೆ ವಾಸನೆ ಬರಲಿಲ್ಲ ಅಂದ ಸತೀಶ. ಎಲೆ ಇಲ್ಲದಿದ್ದರೆ ವಾಸನೆ ಹೇಗೆ ಬರುತ್ತದೆ ಅಂತ ನಾನು ಹೋಗಿ ಉಪ್ಪಳಿಗೆ ಎಲೆ ಕೊಯ್ದು ತಂದೆ. ತಟ್ಟೆ ಬದಿಗಿಟ್ಟು ಎಲೆ ಹಾಸಿಕೊಂಡು ಗೋಡೆಗೆ ಬೆನ್ನು ಕೊಟ್ಟು ಸಾಲಾಗಿ ಕೂತೆವು. ಎದುರಿಗೆ ಎಲೆ, ಸಾಲು, ಸೌಟು ಎಲ್ಲ ಕಂಡದ್ದೇ ಅಪ್ಪಯ್ಯನಿಗೆ ಅರಿವಿಲ್ಲದೆಯೇ ಮೇಷ್ಟ್ರ ಗಂಟಲು ಬಂತು.

“ಕೈ ತೊಳ್ದಿರಾ? ತೋರ್ಸಿ. ಊಟದ ಹೊತ್ತಲ್ಲಿ ಮಾತಾಡಂಗಿಲ್ಲ.”

“ಸಾರ್, ಇನ್ನೊಂಚೂರು” ಅಂದ ಸತೀಶ.

“ಕೈ ಎತ್ತಿ ಕೇಳು.”

ಸತೀಶ ಕೈ ಎತ್ತಿದ. ಅಪ್ಪಯ್ಯ ಸೌಟು ಹಿಡಿದುಕೊಂಡು ಬಂದವನು ಅರ್ಧ ದಾರಿಯಲ್ಲಿ ನಿಂತು ನಗತೊಡಗಿದ. ಅಮ್ಮ ಹೋದ ಮೇಲೆ ನಮ್ಮ ಮನೆಯಲ್ಲಿ ಕೇಳಿದ ಮೊದಲ ನಗು ಅದು. ಅಲ್ಲಿಂದ ಮುಂದೆ ಸಂಜೆಯ ಊಟ ಯಾವಾಗಲೂ ಹಾಗೆಯೇ ನಡೆಯಿತು. ಸಂತೆಗೆಂದು ತೀರ್ಥಹಳ್ಳಿಗೆ ಹೋದ ಒಂದು ದಿನ ಅವನು ಬಯಲುಸೀಮೆಯ ಕಡೆಯಿಂದ ಬಂದ ಒಣಗಿದ ಮೆಕ್ಕೆಜೋಳ ತಂದ. ಅದನ್ನು ಬೀಸುವುದು ಅಕ್ಕಿಯಷ್ಟು ಸುಲಭವಲ್ಲ. ಕಲ್ಲಿನ ಗೂಟವನ್ನು ಒಂದು ಕಡೆಯಿಂದ ಅವನು, ಇನ್ನೊಂದು ಕಡೆಯಿಂದ ನಾನು ಹಿಡಿದು ತಿರುಗಿಸುತ್ತಿದ್ದೆವು. ಅಷ್ಟಕ್ಕೆ ಮಾತ್ರ ನನ್ನನ್ನು ಕರೆಯುತ್ತಿದ್ದ. ಬೀಸಿ ಆಯಿತು ಅಂದರೆ ಪುಸ್ತಕ ತಗೊಂಡು ಬಾ ಅನ್ನುತ್ತಿದ್ದ. ನಾನು ಒಲೆಯ ಬೆಳಕಿನಲ್ಲಿ ಗಟ್ಟಿಯಾಗಿ ಓದಬೇಕು, ಅವನು ಕೆದಕುತ್ತಾ ತಪ್ಪು ತಿದ್ದಬೇಕು. ಸೌಟು ಕೇಳಿದರೆ ಕೊಡುತ್ತಿರಲಿಲ್ಲ. ತಳ ಹತ್ತಿದ ಚಕ್ಕೆಯನ್ನು ಕೆರೆದು ತಿನ್ನುವ ಹಕ್ಕು ಮಾತ್ರ ನನ್ನದು.

ಈಗ ನಾನಿರುವ ಸಾಗರದಲ್ಲಿ ಮೆಕ್ಕೆಜೋಳದ ರವೆ ಪ್ಯಾಕೆಟ್ಟಿನಲ್ಲೇ ಸಿಗುತ್ತದೆ. ಶಾಲೆ ಉಪ್ಪಿಟ್ಟು ಮಾಡುವ ವಿಧಾನ ಅಂತ ಮೊಬೈಲಿನಲ್ಲಿ ಹುಡುಕಿದರೆ ಯಾರ್ಯಾರೋ ಮಾಡಿ ತೋರಿಸುತ್ತಾರೆ, ಕೆಳಗೆ ನನ್ನ ವಯಸ್ಸಿನವರೆಲ್ಲ ಬಾಲ್ಯ ನೆನಪಾಯಿತು ಅಂತ ಬರೆದಿರುತ್ತಾರೆ. ನಾನೂ ತಿಂಗಳಿಗೊಮ್ಮೆ ಮಾಡುತ್ತೇನೆ. ಗ್ಯಾಸಿನ ಒಲೆಯಲ್ಲಿ, ದಪ್ಪ ತಳದ ಪಾತ್ರೆಯಲ್ಲಿ, ನೀರು ಅಳೆದು ಹಾಕಿ ಮಾಡುವುದರಿಂದ ಅದು ಹೂವಿನ ಹಾಗೆ ಬಿಡಿಬಿಡಿಯಾಗಿ ಬರುತ್ತದೆ. ನನ್ನ ಗಂಡ ಎರಡು ಸಲ ಹಾಕಿಸಿಕೊಂಡು, ನಮ್ಮ ಶಾಲೆಯದ್ದೂ ಥೇಟ್ ಹೀಗೇ ಇತ್ತು ಅನ್ನುತ್ತಾರೆ. ಇರಬಹುದು. ನಮ್ಮ ಶಾಲೆಯದ್ದು ಹೇಗಿತ್ತು ಅಂತ ನೆನಪು ಮಾಡಿಕೊಳ್ಳಲು ಹೋದರೆ ನನ್ನ ನಾಲಗೆಗೆ ಬರುವುದು ಮನೆಯದ್ದು, ಆ ಗಂಟುಗಂಟು. ಬೇಕಂತಲೇ ನೀರು ತಪ್ಪಿಸಿ ಹಾಕಿ ನೋಡಿದ್ದೇನೆ. ಅಡುಗೆ ಬಂದವರ ಕೈಯಲ್ಲಿ ಅದು ಆಗುವುದಿಲ್ಲ.

ಊರಿನವರಿಗೆ ಒಳ್ಳೆಯ ಮಾತಿನ ವಿಷಯ ಸಿಕ್ಕಿತು. ಮೇಷ್ಟ್ರ ಮನೆಯಲ್ಲಿ ಮೇಷ್ಟ್ರೇ ಬೀಸುತ್ತಾರಂತೆ, ಮೇಷ್ಟ್ರೇ ಮುಸುರೆ ತಿಕ್ಕುತ್ತಾರಂತೆ, ಇನ್ನು ಸೀರೆ ಉಡುವುದೊಂದು ಬಾಕಿ ಅಂತ ಅಂಗಡಿಯ ಕಟ್ಟೆಯಲ್ಲಿ ಕೂತವರು ನಗುತ್ತಿದ್ದರು. ಅಪ್ಪಯ್ಯ ಕೇಳಿಸದವನಂತೆ ನಡೆದು ಹೋಗುತ್ತಿದ್ದ. ಕೇಳಿಸಿಕೊಂಡು ಕುದಿಯುತ್ತಿದ್ದವಳು ಅಜ್ಜಿ. ಒಂದು ದಿನ ಯಾರೋ ಅದನ್ನು ನಮ್ಮ ಬೇಲಿಯ ಹತ್ತಿರ ನಿಂತು ಹೇಳಿದಾಗ, ನನ್ನ ಮಗನ ಕೈ, ನನ್ನ ಮಗನ ಮನೆ, ನಿಮ್ಮ ಗಂಟೇನು ಹೋಯಿತು ಅಂತ ಕೂಗಾಡಿ ಬಂದಳು. ಬಂದವಳು ಮತ್ತೆ ಜಗಲಿಯ ಮೂರು ಕಲ್ಲಿನ ಮುಂದೆಯೇ ಕೂತಳು. ನಾವು ಹಸಿದುಕೊಳ್ಳುತ್ತೇವೆ ಅನ್ನುವ ಅವಳ ಎಣಿಕೆ ತಪ್ಪಿತ್ತು. ಆದರೂ ಹಟ ಬಿಡಲು ಅವಳಿಗೆ ದಾರಿ ಕಾಣುತ್ತಿರಲಿಲ್ಲ. ಬೆಳಿಗ್ಗೆ ಅಪ್ಪಯ್ಯ ಸ್ನಾನಕ್ಕೆ ಹೋದಾಗ ಗಂಜಿಯ ಅನ್ನವನ್ನು ಬಸಿದು, ಅಪ್ಪೆಮಿಡಿ ಉಪ್ಪಿನಕಾಯಿಯ ರಸದಲ್ಲಿ ಕಲಸಿ, ನಮ್ಮಿಬ್ಬರ ಬಾಯಿಗೆ ಒಂದೊಂದು ಉಂಡೆ ತುರುಕುತ್ತಿದ್ದಳು. ಅಪ್ಪಯ್ಯನಿಗೆ ಅದು ಗೊತ್ತಿತ್ತು. ಅವನ ಸ್ನಾನ ದಿನದಿನಕ್ಕೆ ಉದ್ದವಾಗುತ್ತಾ ಹೋಯಿತು.

ಚಳಿಗಾಲ ಮುಗಿಯುತ್ತಾ ಬಂದಾಗ ಅಮ್ಮನ ತವರಿನ ಕಡೆಯ ಹಿರಿಯರೊಬ್ಬರು ಕೆಲಸದ ಮೇಲೆ ಈ ಕಡೆ ಬಂದವರು ನಮ್ಮ ಮನೆಗೂ ಬಂದರು. ಅವತ್ತು ರಜೆ. ನಾನು ಒಲೆಯ ಮುಂದೆ ಕೂತು ಪಾತ್ರೆಯ ತಳದ ಚಕ್ಕೆ ಕೆರೆಯುತ್ತಿದ್ದೆ. ಅಪ್ಪಯ್ಯ ಸೌದೆಗೆ ಹೋಗಿದ್ದ. ಅಜ್ಜಿ ಅವರಿಗೆ ಕುಡಿಯಲು ಬೆಲ್ಲ ನೀರು ಕೊಟ್ಟು, ಇವಳಿಗೆ ಇನ್ನು ಎಷ್ಟು ದಿನದ ಶಾಲೆ, ಇವತ್ತಲ್ಲ ನಾಳೆ ಬಿಡಲೇಬೇಕಲ್ಲ ಅಂದಳು. ಅವರು ಕಂಡದ್ದನ್ನೂ ಕೇಳಿದ್ದನ್ನೂ ಒಟ್ಟು ಸೇರಿಸಿಕೊಂಡು ಹೋದರು. ಮುಂದೆ ಶಿವಮೊಗ್ಗಕ್ಕೆ ಹೋದಾಗ, ಹುಡುಗಿಗೆ ಶಾಲೆ ಬಿಡಿಸಿದ್ದಾರೆ, ಒಲೆ ಮುಂದೆ ಕೂರಿಸಿದ್ದಾರೆ ಅಂತ ಅಮ್ಮನಿಗೆ ಹೇಳಿದರು.

ಒಂದು ಶನಿವಾರ ಪಾಠ ನಡೆಯುತ್ತಿತ್ತು. ನಾಲ್ಕನೇ ಕ್ಲಾಸಿನವರು ಗಟ್ಟಿಯಾಗಿ ಪದ್ಯ ಓದುತ್ತಿದ್ದೆವು. ಬಾಗಿಲಿನ ಬೆಳಕು ಮುಚ್ಚಿತು ಅಂತ ತಲೆ ಎತ್ತಿದರೆ ಅಮ್ಮ. ನೀಲಿ ಅಂಚಿನ ಬಿಳಿ ಸೀರೆ ಮೊಣಕಾಲಿನವರೆಗೆ ಕೆಂಪು ಧೂಳಾಗಿತ್ತು. ಟ್ರಂಕು ತಲೆಯ ಮೇಲೆಯೇ ಇತ್ತು. ಟಾರು ರಸ್ತೆಯಿಂದ ಒಬ್ಬಳೇ ಹೊತ್ತುಕೊಂಡು, ಮನೆಯ ಬಾಗಿಲು ದಾಟಿ ಮೊದಲು ಶಾಲೆಗೇ ಬಂದಿದ್ದಳು. ಅಪ್ಪಯ್ಯನನ್ನು ನೋಡಲಿಲ್ಲ, ಮುಂದಿನ ಸಾಲಿನಲ್ಲಿ ಎದ್ದು ನಿಂತಿದ್ದ ಸತೀಶನನ್ನೂ ನೋಡಲಿಲ್ಲ. ಸಾಲಿನಿಂದ ಸಾಲಿಗೆ ಕಣ್ಣಾಡಿಸಿದಳು. ನನ್ನ ಮುಂದೆ ಎತ್ತರದ ಹುಡುಗನೊಬ್ಬ ಕೂತಿದ್ದ.

“ಜಲಜ ಎಲ್ಲಿ?”

“ಇಲ್ಲಿದೀನಿ ಅಮ್ಮ” ಅಂತ ಎದ್ದೆ.

ಅವಳು ನನ್ನನ್ನೂ ನನ್ನ ಕೈಯಲ್ಲಿದ್ದ ಪುಸ್ತಕವನ್ನೂ ನೋಡಿದಳು. ಟ್ರಂಕು ಇಳಿಸಿ ಹೊಸ್ತಿಲ ಮೇಲೆ ಇಟ್ಟು ಅದರ ಮೇಲೇ ಕೂತುಬಿಟ್ಟಳು. ಅಪ್ಪಯ್ಯನಿಗೆ ಏನು ಮಾಡಬೇಕೋ ತೋಚಲಿಲ್ಲ. ಹೆಂಡತಿಯ ಹತ್ತಿರ ಹೋಗುವುದಕ್ಕೆ ಇಡೀ ಶಾಲೆ ನೋಡುತ್ತಿದೆ. ಕೊನೆಗೆ ಬೆತ್ತದಿಂದ ಮೇಜು ತಟ್ಟಿ, ಎಲ್ಲರೂ ಎದ್ದು ನಮಸ್ಕಾರ ಹೇಳಿ ಅಂದ. ತನಿಖೆಗೆ ಬಂದ ಸಾಹೇಬರಿಗೆ ಹೇಳುವ ಹಾಗೆ ಎಲ್ಲರೂ ಒಟ್ಟಿಗೆ ರಾಗವಾಗಿ ನಮಸ್ಕಾರ ಹೇಳಿದರು. ಸತೀಶ ಎಲ್ಲರಿಗಿಂತ ಜೋರಾಗಿ ಹೇಳಿದ. ಅಮ್ಮ ಸೆರಗಿನಲ್ಲಿ ಮುಖ ಒರೆಸಿಕೊಂಡು, ಕೂತ್ಕಳಿ ಅಂದಳು.

ಸಂಜೆ ಅವಳು ಅಡುಗೆಮನೆಗೆ ಹೋಗಿ ಸೆರಗು ಸಿಕ್ಕಿಸಿದಾಗ ಅಪ್ಪಯ್ಯ ಅಡ್ಡ ನಿಂತ. ನೀನು ಕೂತ್ಕ, ಇದು ನಂದು ಅಂದ. ಅಮ್ಮ ನಮ್ಮ ಸಾಲಿನಲ್ಲಿ, ನನ್ನ ಪಕ್ಕದಲ್ಲಿ, ಎಲೆ ಹಾಕಿಕೊಂಡು ಕೂತಳು. ಒಲೆಯ ಬೆಳಕೂ ಬುಡ್ಡಿದೀಪದ ಬೆಳಕೂ ಅವಳ ಮುಖದ ಮೇಲಿದ್ದವು. ಅಜ್ಜಿ ಎಂದಿನಂತೆ ಹಿತ್ತಲ ಜಗಲಿಯಲ್ಲಿದ್ದಳು. ನಡುವಿನ ಬಾಗಿಲು ತೆರೆದೇ ಇತ್ತು. ಅಮ್ಮ ಮೊದಲ ತುತ್ತು ತಿಂದು ಸ್ವಲ್ಪ ಹೊತ್ತು ಅಗಿದಳು.

“ದಿನಾ ಇದನ್ನೇ ತಿಂತೀರಾ?”

“ಶಾಲೇಲೂ ಇದೇ, ಮನೇಲೂ ಇದೇ” ಅಂದ ಸತೀಶ ಹೆಮ್ಮೆಯಿಂದ. ಆಮೇಲೆ ಕೇಳಿದ, “ಅಮ್ಮ, ಪಾಪು ಹುಟ್ಟೋದು ನೋಡಿದ್ಯಾ?”

ಅಮ್ಮ ಅಪ್ಪಯ್ಯನ ಮುಖ ನೋಡಿ, ಆಮೇಲೆ ಹೇಳಿದಳು. ಯಾವುದೋ ಹಳ್ಳಿಯಿಂದ ಗಾಡಿಯಲ್ಲಿ ಹೆಂಗಸೊಬ್ಬಳನ್ನು ಕರೆತಂದಿದ್ದರಂತೆ. ಮಗುವಿನ ತಲೆಯ ಬದಲು ಕಾಲು ಮುಂದೆ ಬಂದಿತ್ತಂತೆ. ದೊಡ್ಡ ಸಿಸ್ಟರು ಅಮ್ಮನನ್ನು ಪಕ್ಕಕ್ಕೆ ನಿಲ್ಲಿಸಿಕೊಂಡು, ಎಳೀಬೇಡ, ಬರೀ ಕೈ ಆನಿಸಿಕೊಂಡಿರು, ಅದು ತಾನಾಗೇ ಬರಲಿ ಅಂದರಂತೆ. ಅಷ್ಟು ಹೇಳುವಷ್ಟರಲ್ಲಿ ಜಗಲಿಯಿಂದ ಅಜ್ಜಿಯ ದನಿ ಬಂತು.

“ಮಗು ಬದುಕ್ತಾ?”

ಅಮ್ಮ ಊರಿಗೆ ಬಂದ ಮೇಲೆ ಅಜ್ಜಿ ಆಡಿದ ಮೊದಲ ಮಾತು ಅದು.

“ಬದುಕ್ತು ಅತ್ತೆ.”

“ತಾಯಿ?”

“ತಾಯೀನೂ. ನಾನ್ ಹೊರಡೋವಾಗ ಹಾಲು ಕುಡಿಸ್ತಿದ್ಲು.”

“ಎಳೀಬೇಡ ಅಂದ್ರಾ?”

“ಹೂಂ. ಎಳೆದ್ರೆ ತಲೆ ಸಿಕ್ಕಾಕ್ಕಳುತ್ತಂತೆ.”

ಅಜ್ಜಿ ಮಡಕೆಯ ಕೆಳಗಿನ ಕೊಳ್ಳಿ ಹಿಂದಕ್ಕೆ ಎಳೆದದ್ದು ಕೇಳಿಸಿತು.

“ನನ್ ಮೊದಲ್ನೇದೂ ಹಂಗೇ ಬಂದಿತ್ತು. ಎಳೆದ್ರು.”

ಅಪ್ಪಯ್ಯ ಕೈಯಲ್ಲಿದ್ದ ಸೌಟನ್ನು ನಿಧಾನಕ್ಕೆ ಪಾತ್ರೆಯೊಳಗಿಟ್ಟ. ತಾನೊಬ್ಬನೇ ಹುಟ್ಟಿದ್ದು ಅಂತ ಅವನು ಅಲ್ಲಿಯವರೆಗೂ ತಿಳಿದಿದ್ದ.

“ಯಾವಾಗ ಅವ್ವ?”

“ನೀನ್ ಹುಟ್ಟೋಕ್ ಮುಂಚೆ. ಹೆಣ್ಣು.”

ಆ ಮಾತನ್ನು ಅವಳು ಮುಂದೆ ಯಾವತ್ತೂ ಎತ್ತಲಿಲ್ಲ. ಸ್ವಲ್ಪ ಹೊತ್ತಿಗೆ ಸೊಂಟದ ಮೇಲೆ ಕೈಯಿಟ್ಟುಕೊಂಡು ಒಳಗೆ ಬಂದು, ಅಮ್ಮನ ಪಕ್ಕದಲ್ಲಿ ಒಂದು ಎಲೆಯಷ್ಟು ಜಾಗ ಬಿಟ್ಟು ಕೂತು, ನಂಗೂ ಎರಡು ತುತ್ತು ಹಾಕು ಅಂದಳು. ಅಪ್ಪಯ್ಯ ಹಾಕಿದ. ನಾವೆಲ್ಲ ಅವಳ ಬಾಯಿಯನ್ನೇ ನೋಡುತ್ತಿದ್ದೆವು. ಹಲ್ಲಿಲ್ಲದ ಕಡೆಯಿಂದ ಹಲ್ಲಿರುವ ಕಡೆಗೆ ಒಂದು ಗಂಟನ್ನು ದಾಟಿಸಿಕೊಂಡು ಅಗಿದಳು.

“ರವೆ ಹುರೀಲೇ ಇಲ್ವಲ್ಲೋ ನೀನು.”

“ಶಾಲೇಲಿ ಹುರಿಯಲ್ಲ ಅವ್ವ.”

“ಇದು ಶಾಲೆಯಲ್ಲ” ಅಂದಳು. ಎಲೆಯಲ್ಲಿ ಇದ್ದದ್ದನ್ನೆಲ್ಲ ತಿಂದು ಮುಗಿಸಿದಳು.

ಭಾನುವಾರ ಬೆಳಿಗ್ಗೆ ನಾವು ಏಳುವ ಹೊತ್ತಿಗೆ ಅಜ್ಜಿ ಅಡುಗೆಮನೆಯಲ್ಲಿ ಮಣೆ ಹಾಕಿಕೊಂಡು ಕೂತಿದ್ದಳು. ಮೆಕ್ಕೆಜೋಳದ ರವೆಯನ್ನು ಹದವಾಗಿ ಹುರಿಯುತ್ತಿದ್ದಳು. ಅಮ್ಮ ತಾನು ಇನ್ನು ಹೋಗುವುದಿಲ್ಲ ಅಂತ ನಿಶ್ಚಯ ಮಾಡಿಕೊಂಡೇ ಬಂದಿದ್ದಳು. ತಂದ ಸೀರೆಗಳನ್ನೆಲ್ಲ ಟ್ರಂಕಿನಿಂದ ತೆಗೆದು ಹಗ್ಗದ ಮೇಲೆ ಹಾಕಿದ್ದಳು. ಅಪ್ಪಯ್ಯ ರಾತ್ರಿ ಏನು ಹೇಳಿದ್ದನೋ, ಅದು ಅವಳ ತಲೆಗೆ ಹೋಗಿರಲಿಲ್ಲ. ಒಲೆಯ ಪಕ್ಕದಲ್ಲಿ ಕೂತು ಈರುಳ್ಳಿ ಹೆಚ್ಚುತ್ತಾ ಅಜ್ಜಿಗೆ ಹೇಳಿದಳು.

“ಅತ್ತೆ, ನಾನು ಹೋಗಲ್ಲ. ಇವತ್ತು ಶಾಲೇಲಿದಾಳೆ ಅಂತ ಕಂಡೆ. ನಾಳೆ ಬಿಡ್ಸಲ್ಲ ಅಂತ ಎಂತ ನಂಬಿಕೆ? ಮಗಳು ಒಲೆ ಮುಂದೆ ಕೂತ್ರೆ ನಾನು ಓದಿ ಎಂತ ಬಂತು?”

“ಬಿಡ್ಸು ಅಂತ ನಾನ್ ಹೇಳಿದ್ದು ಹೌದು. ಅವ್ನು ಬಿಡ್ಸಿದ್ನಾ?” ಅಂದಳು ಅಜ್ಜಿ. “ಬಿಡ್ಸಲ್ಲ ಅವ್ನು. ಗಂಟಿನ ಉಪ್ಪಿಟ್ಟು ಮಾಡ್ಕಂಡೇ ಅವ್ಳನ್ನ ಕಾಲೇಜಿಗೂ ಕಳಿಸ್ತಾನೆ. ಮಕ್ಳ ಹೊಟ್ಟೆ ಗತಿ ಎಂತ ಆಗ್ಬೇಕು? ನಾನ್ ಇದೀನಿ. ನೀನು ನಾಳೆ ಬಸ್ಸಿಗೆ ಹೋಗು.”

ಅಮ್ಮ ಹೆಚ್ಚುವುದನ್ನು ನಿಲ್ಲಿಸಿ ಅತ್ತೆಯ ಮುಖವನ್ನೇ ನೋಡಿದಳು.

“ಎಂತ ನೋಡ್ತೀಯ? ಈರುಳ್ಳಿ ಸಣ್ಣಕ್ಕೆ ಹೆಚ್ಚು” ಅಂದಳು ಅಜ್ಜಿ.

ಅಮ್ಮ ತರಬೇತಿ ಮುಗಿಸಿದಳು. ಮೇಗರವಳ್ಳಿಯ ಕಡೆ ಕೆಲಸ ಸಿಕ್ಕಿತು. ಯಾವ ಮನೆಯಿಂದ ಯಾವ ಹೊತ್ತಿಗೆ ಕರೆ ಬರುತ್ತದೆಂದು ಹೇಳುವಂತಿರಲಿಲ್ಲ. ಹೀಗಾಗಿ ನಮ್ಮ ಮನೆಯ ಒಲೆ ಮತ್ತೆ ಯಾವತ್ತೂ ಒಬ್ಬರದಾಗಲಿಲ್ಲ. ಇದ್ದವರು ಬೇಯಿಸಿದರು, ಬಂದವರು ಉಂಡರು. ಅತ್ತೆ ಸೊಸೆಯ ಜಗಳವೂ ನಿಂತಿತು ಅಂತೇನಿಲ್ಲ. ಉಪ್ಪಿಗೆ, ಹುಳಿಗೆ, ಸೀರೆಯ ಅಂಚಿನ ಅಗಲಕ್ಕೆ ಕೂಡ ಜಗಳವಾಡುತ್ತಿದ್ದರು. ಆದರೆ ದೂರದ ಹೆರಿಗೆಗೆ ಹೋದ ಅಮ್ಮ ಬರುವುದು ತಡವಾದರೆ ಅಜ್ಜಿ ಉಣ್ಣದೆ ಕಾಯುತ್ತಿದ್ದಳು. ಅವಳು ಬಂದ ಕೂಡಲೇ ಕೇಳುತ್ತಿದ್ದದ್ದು ಆ ಎರಡೇ ಪ್ರಶ್ನೆ, ಮೊದಲು ಮಗುವಿನದು, ಆಮೇಲೆ ತಾಯಿಯದು. ನಾನು ಓದಿ, ಸಾಗರದ ಹೈಸ್ಕೂಲೊಂದರಲ್ಲಿ ಪಾಠ ಹೇಳಿ, ಈಗ ನಿವೃತ್ತಳಾಗಿದ್ದೇನೆ. ಹೆಣ್ಣುಮಕ್ಕಳು ಓದಲು ಏನು ಮಾಡಬೇಕು ಅಂತ ಸಭೆಗಳಲ್ಲಿ ದೊಡ್ಡ ದೊಡ್ಡ ಮಾತು ಕೇಳಿದಾಗಲೆಲ್ಲ ನನಗೆ ಕುಕ್ಕರುಗಾಲಲ್ಲಿ ಕೂತು ಪುಳ್ಳೆ ಮುರಿಯುತ್ತಿದ್ದ ಅಪ್ಪಯ್ಯ ನೆನಪಾಗುತ್ತಾನೆ.

ಅಜ್ಜಿ ಹೋಗು ಅಂದ ಮರುದಿನ, ಸೋಮವಾರ, ಅಮ್ಮ ಹೊರಟಳು. ಬಸ್ಸು ಬರುವುದು ಶಾಲೆ ತೆರೆಯುವ ಹೊತ್ತಿಗೇ. ಅಪ್ಪಯ್ಯ ಟ್ರಂಕು ಹೆಗಲಿಗೇರಿಸಿ ಅಂಗಳದಲ್ಲಿ ನಿಂತು ಅವಸರ ಮಾಡುತ್ತಿದ್ದ. ಅಮ್ಮ ಅಡುಗೆಮನೆಗೆ ಬಂದು ಅಜ್ಜಿಯ ಕಾಲಿಗೆ ಬಾಗಿದಳು. ಅಜ್ಜಿ ಬಾಣಲೆಯಿಂದ ಕಣ್ಣು ತೆಗೆಯಲಿಲ್ಲ.

“ಸರಿ ಸರಿ, ಏಳು. ಕೈ ಬಿಟ್ರೆ ತಳ ಹತ್ತುತ್ತೆ. ಹೋಗ್ ಬಾ.”

ಅವರಿಬ್ಬರೂ ಗದ್ದೆಯಂಚಿನ ದಾರಿ ಹಿಡಿದು ಮರೆಯಾದರು. ಸತೀಶ ಸ್ವಲ್ಪ ದೂರ ಹಿಂದೆ ಓಡಿ, ಬೈಸಿಕೊಂಡು ತಿರುಗಿ ಬಂದ. ಅಷ್ಟು ಹೊತ್ತಿಗೆ ಮಕ್ಕಳು ಒಬ್ಬೊಬ್ಬರಾಗಿ ಶಾಲೆಯ ಅಂಗಳಕ್ಕೆ ಬಂದು ಮುಚ್ಚಿದ ಬಾಗಿಲಿನ ಮುಂದೆ ಗಲಾಟೆ ಮಾಡತೊಡಗಿದ್ದರು. ಮೇಷ್ಟ್ರು ಎಲ್ಲಿ, ಇವತ್ತು ರಜೆಯಾ ಅಂತ ಕೂಗುತ್ತಿದ್ದರು. ನಾನು ಏನು ಮಾಡುವುದೆಂದು ತಿಳಿಯದೆ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದೆ. ಅಜ್ಜಿ ಕೆದಕುತ್ತಲೇ ಸೌಟಿನ ಹಿಡಿಯಿಂದ ಗೋಡೆಯ ಕಡೆ ತೋರಿಸಿದಳು.

“ಬೀಗದ ಕೈ ಅಲ್ಲಿದೆ. ಹೋಗಿ ಬಾಗಿಲು ತೆಗಿ. ನಿಮ್ಮಪ್ಪ ಬರೋವರೆಗೂ ಮಗ್ಗಿ ಹೇಳ್ಸು.”

ನಾನು ಬೀಗದ ಕೈ ತೆಗೆದುಕೊಂಡು ಜಗಲಿಯ ಮೇಲೆ ನಡೆದುಕೊಂಡು ಹೋದೆ. ಬಾಗಿಲು ತೆಗೆದು, ಗಂಟೆ ಹೊಡೆದು, ಎಲ್ಲರನ್ನೂ ಸಾಲಾಗಿ ಒಳಗೆ ಕೂರಿಸಿದೆ. ಅಪ್ಪಯ್ಯ ಬೆವರು ಒರೆಸಿಕೊಳ್ಳುತ್ತಾ ಬಂದಾಗ ನಾವು ಒಂಬತ್ತರ ಮಗ್ಗಿಯಲ್ಲಿದ್ದೆವು. ಅವನು ಒಳಗೆ ಬರಲಿಲ್ಲ. ಮಗ್ಗಿ ಮುಗಿಯುವವರೆಗೂ ಹೊರಗೆ ಜಗಲಿಯಲ್ಲೇ ನಿಂತಿದ್ದ.